ತೆರಿಗೆ ನ್ಯಾಯಕ್ಕಾಗಿ ಹೋರಾಡುವ ಅಂತರರಾಷ್ಟ್ರೀಯ ಸಂಘಟನೆಗಳಿಂದ ನಿಜಕ್ಕೂ ಏನಾದರೂ ಬದಲಾಗಿದೆಯೇ?

ಜಾಗತಿಕ ತೆರಿಗೆ ನಿಯಮಗಳು ನ್ಯಾಯವಾಗಿರಬೇಕೆಂದು ಹೋರಾಡುವ ಸಂಘಟನೆಗಳು ವರ್ಷಕ್ಕೊಂದು ವರದಿ ಹೊರತರುವುದನ್ನು ಬಿಟ್ಟು ಬೇರೇನನ್ನಾದರೂ ಸಾಧಿಸಿವೆಯೇ, ಅದರಿಂದ ನಮ್ಮಂಥ ದೇಶಕ್ಕೆ ಏನು ಪ್ರಯೋಜನ ಎಂದು ಕೇಳಿದ್ದೀರಿ. ಸಾಧಿಸಿವೆ ಎಂಬುದೇ ನನ್ನ ಉತ್ತರ. ನಾನು ಬೆಂಗಳೂರಿನಲ್ಲಿ ಲೆಕ್ಕಪರಿಶೋಧಕ. ವಿದೇಶಿ ಕಂಪನಿಗಳ ಇಲ್ಲಿನ ಅಂಗಸಂಸ್ಥೆಗಳಿಗೆ ಟ್ರಾನ್ಸ್‌ಫರ್ ಪ್ರೈಸಿಂಗ್, ಅಂದರೆ ಒಂದೇ ಗುಂಪಿನ ಕಂಪನಿಗಳು ತಮ್ಮೊಳಗಿನ ವ್ಯವಹಾರಕ್ಕೆ ಕಟ್ಟುವ ಬೆಲೆಯ ಕಾಗದಪತ್ರಗಳನ್ನು ಹಲವು ವರ್ಷಗಳಿಂದ ಸಿದ್ಧಪಡಿಸುತ್ತಿದ್ದೇನೆ. ಈ ಸಂಘಟನೆಗಳು ಕೇಳಿದ್ದ ಒಂದು ವಿಷಯ ಕೊನೆಗೆ ಸರ್ಕಾರಿ ನಮೂನೆಯಾಗಿ ನನ್ನ ಮೇಜಿಗೇ ಬಂದದ್ದನ್ನು ಕಂಡಿರುವುದರಿಂದ ಈ ಮಾತನ್ನು ಹೇಳುತ್ತಿದ್ದೇನೆ.

ಮೊದಲು ಸಮಸ್ಯೆ ಏನೆಂದು ನೋಡೋಣ. ಹೊರವರ್ತುಲ ರಸ್ತೆಯ ಯಾವುದಾದರೂ ಕಚೇರಿಯಲ್ಲಿ ಸಾವಿರಾರು ಎಂಜಿನಿಯರುಗಳು ಸಾಫ್ಟ್‌ವೇರ್ ಬರೆಯುತ್ತಾರೆ. ಆ ಸಾಫ್ಟ್‌ವೇರಿನ ಹಕ್ಕು ಮಾತ್ರ ತೆರಿಗೆ ಕಡಿಮೆ ಇರುವ ಇನ್ನೊಂದು ದೇಶದ ಕಂಪನಿಯ ಹೆಸರಿನಲ್ಲಿರಬಹುದು. ಬೆಂಗಳೂರಿನ ಘಟಕಕ್ಕೆ ಅದರ ಖರ್ಚು ಮತ್ತು ಖರ್ಚಿನ ಮೇಲೆ ಶೇಕಡಾ ಇಷ್ಟು ಎಂಬ ಲಾಭಾಂಶ ಸಿಗುತ್ತದೆ, ಆ ಲಾಭಕ್ಕೆ ಅದು ಇಲ್ಲಿ ತೆರಿಗೆ ಕಟ್ಟುತ್ತದೆ. ಉಳಿದ ಲಾಭವೆಲ್ಲ ಹಕ್ಕು ನೋಂದಣಿಯಾಗಿರುವ ಕಡೆಗೆ ಹರಿಯುತ್ತದೆ. ಒಂದೇ ಗುಂಪಿನ ಎರಡು ಕಂಪನಿಗಳು ಪರಸ್ಪರ ಸಂಬಂಧವಿಲ್ಲದವರಂತೆ ವ್ಯವಹರಿಸಿದ್ದರೆ ಎಷ್ಟು ಬೆಲೆ ಕೊಡುತ್ತಿದ್ದವೋ ಅಷ್ಟನ್ನೇ ಕೊಡಬೇಕೆಂಬುದು ಇಲ್ಲಿನ ಮೂಲ ನಿಯಮ, ಮತ್ತು ಈ ಏರ್ಪಾಡು ಬಹುಪಾಲು ಕಾನೂನಿನ ಒಳಗೇ ಇರುತ್ತದೆ. ಆದರೆ ಬೆಂಗಳೂರಿನ ತೆರಿಗೆ ಅಧಿಕಾರಿಯ ಮುಂದೆ ಬೆಂಗಳೂರಿನ ಪುಸ್ತಕಗಳಷ್ಟೇ ಇರುತ್ತಿದ್ದವು. ಇಡೀ ಗುಂಪು ಎಲ್ಲೆಲ್ಲಿ ಎಷ್ಟು ಜನರನ್ನು ಇಟ್ಟುಕೊಂಡಿದೆ, ಎಲ್ಲಿ ಎಷ್ಟು ಲಾಭ ತೋರಿಸಿದೆ, ಎಲ್ಲಿ ಎಷ್ಟು ತೆರಿಗೆ ಕಟ್ಟಿದೆ ಎಂಬ ಒಟ್ಟು ಚಿತ್ರ ಅವರಿಗೆ ಸಿಗುವ ದಾರಿಯೇ ಇರಲಿಲ್ಲ.

ಈ ಚಿತ್ರವನ್ನು ಬಯಲಿಗೆ ತರಬೇಕೆಂದು ಪಟ್ಟು ಹಿಡಿದವರು ನಾಗರಿಕ ಸಂಘಟನೆಗಳ ಜನ. 2003ರಲ್ಲಿ ಬ್ರಿಟಿಷ್ ಸಂಸತ್ತಿನಲ್ಲಿ ಟ್ಯಾಕ್ಸ್ ಜಸ್ಟಿಸ್ ನೆಟ್‌ವರ್ಕ್ ಆರಂಭವಾಯಿತು. ಅದನ್ನು ಕಟ್ಟಿದವರಲ್ಲಿ ಪ್ರಮುಖರಾದ ಜಾನ್ ಕ್ರಿಸ್ಟೆನ್ಸೆನ್, ತೆರಿಗೆ ತಪ್ಪಿಸುವವರ ನೆಲೆಯೆಂದು ಹೆಸರಾದ ಜರ್ಸಿ ದ್ವೀಪದ ಸರ್ಕಾರಕ್ಕೇ ಆರ್ಥಿಕ ಸಲಹೆಗಾರರಾಗಿದ್ದವರು. ಒಳಗಿನ ವ್ಯವಸ್ಥೆಯನ್ನು ಕಣ್ಣಾರೆ ಕಂಡು ಹೊರಬಂದವರು. ಅದೇ ವರ್ಷ ಲೆಕ್ಕಪರಿಶೋಧಕ ರಿಚರ್ಡ್ ಮರ್ಫಿ, ಬಹುರಾಷ್ಟ್ರೀಯ ಕಂಪನಿಗಳು ತಾವಿರುವ ಪ್ರತಿಯೊಂದು ದೇಶಕ್ಕೂ ಒಂದೊಂದು ಸಾಲಿನಂತೆ ವಹಿವಾಟು, ಲಾಭ, ಉದ್ಯೋಗಿಗಳ ಸಂಖ್ಯೆ, ಕಟ್ಟಿದ ತೆರಿಗೆ ಇಷ್ಟನ್ನು ಬರೆದುಕೊಡಬೇಕೆಂಬ ಕರಡನ್ನು ಸಿದ್ಧಪಡಿಸಿದರು. ಅದು ಕಾರ್ಯಸಾಧ್ಯವಲ್ಲದ ಬೇಡಿಕೆಯೆಂದು ನಮ್ಮ ವೃತ್ತಿಯಲ್ಲಿ ಆಗ ಬದಿಗೆ ಸರಿಸಿದವರೇ ಹೆಚ್ಚು.

ಇಂಥ ಒಣ ವಿಷಯವನ್ನು ಜನರ ಮುಂದಿಟ್ಟ ರೀತಿಗೆ ಒಂದು ಉದಾಹರಣೆ ಕೊಡುತ್ತೇನೆ. 2010ರಲ್ಲಿ ಬಡತನದ ವಿರುದ್ಧ ಕೆಲಸ ಮಾಡುವ ಆಕ್ಷನ್‌ಏಡ್ ಸಂಸ್ಥೆ ಘಾನಾದ ರಾಜಧಾನಿ ಅಕ್ರಾದಲ್ಲಿದ್ದ ಒಂದು ಬಿಯರ್ ಕಾರ್ಖಾನೆಯ ಲೆಕ್ಕವನ್ನು ಪರಿಶೀಲಿಸಿತು. ಅದು ಎಸ್‌ಎಬಿಮಿಲ್ಲರ್ ಎಂಬ ಜಾಗತಿಕ ಕಂಪನಿಗೆ ಸೇರಿದ್ದು. ಬ್ರ್ಯಾಂಡುಗಳ ಹೆಸರು ಬಳಸಿದ್ದಕ್ಕೆ ರಾಯಲ್ಟಿ ನೆದರ್ಲೆಂಡ್ಸ್‌ಗೆ, ಆಡಳಿತ ಸೇವೆಯ ಶುಲ್ಕ ಸ್ವಿಟ್ಜರ್ಲೆಂಡ್‌ಗೆ ಹೋಗುತ್ತಿತ್ತು, ಕಚ್ಚಾ ಸಾಮಗ್ರಿಯ ಖರೀದಿ ಕಾಗದದ ಮೇಲೆ ಮಾರಿಷಸ್ ಮೂಲಕ ಸಾಗುತ್ತಿತ್ತು ಎಂದು ವರದಿ ಹೇಳಿತು. ಕಾರ್ಖಾನೆಯ ಹತ್ತಿರದಲ್ಲೇ ಪುಟ್ಟ ಅಂಗಡಿಯಿಟ್ಟು ಅದೇ ಬಿಯರ್ ಮಾರುತ್ತಿದ್ದ ಹೆಂಗಸು ಆ ಕಂಪನಿಗಿಂತ ಹೆಚ್ಚು ಆದಾಯ ತೆರಿಗೆ ಕಟ್ಟಿದ್ದಳೆಂಬ ಒಂದು ಸಂಗತಿ ಸಾಕಾಯಿತು. ನೂರು ಪುಟಗಳ ವಾದ ಮಾಡಲಾಗದ್ದನ್ನು ಆ ಹೋಲಿಕೆ ಮಾಡಿತು. ಕಂಪನಿ ಆರೋಪವನ್ನು ಅಲ್ಲಗಳೆಯಿತು. ಆದರೂ ಬಡ ದೇಶವೊಂದರ ಶಾಲೆ, ಆಸ್ಪತ್ರೆಗೂ ರಾಯಲ್ಟಿ ಒಪ್ಪಂದಕ್ಕೂ ಸಂಬಂಧವಿದೆಯೆಂಬುದು ಅಲ್ಲಿಂದೀಚೆಗೆ ತಜ್ಞರ ಮಾತಾಗಿ ಮಾತ್ರ ಉಳಿಯಲಿಲ್ಲ.

2008ರ ಹಣಕಾಸು ಬಿಕ್ಕಟ್ಟಿನ ನಂತರ ಶ್ರೀಮಂತ ದೇಶಗಳ ಖಜಾನೆಗೂ ಬಿಸಿ ತಟ್ಟಿತು. ಜಿ-20 ದೇಶಗಳ ಬೆಂಬಲದಿಂದ, ಬಹುಪಾಲು ಶ್ರೀಮಂತ ದೇಶಗಳ ಕೂಟವಾದ ಒಇಸಿಡಿ 2013ರಲ್ಲಿ ತೆರಿಗೆ ನಿಯಮಗಳ ಸುಧಾರಣೆಗೆ ಕೈಹಾಕಿತು. ಮರುವರ್ಷ ಲಕ್ಸೆಂಬರ್ಗ್ ದೇಶ ಕಂಪನಿಗಳೊಂದಿಗೆ ಮಾಡಿಕೊಂಡಿದ್ದ ಗುಪ್ತ ತೆರಿಗೆ ಒಪ್ಪಂದಗಳು ಪತ್ರಕರ್ತರ ಮೂಲಕ ಹೊರಬಿದ್ದವು. 2015ರಲ್ಲಿ, ಅಂದರೆ ಬೇಡಿಕೆ ಹುಟ್ಟಿದ ಹನ್ನೆರಡು ವರ್ಷಕ್ಕೆ, ಮರ್ಫಿಯ ಕರಡಿನಲ್ಲಿದ್ದಂಥ ದೇಶವಾರು ವರದಿ ಒಪ್ಪಿತ ನಿಯಮವಾಯಿತು. ಭಾರತ ಅದನ್ನು 1961ರ ಆದಾಯ ತೆರಿಗೆ ಕಾಯ್ದೆಗೆ 286ನೇ ಸೆಕ್ಷನ್ನಾಗಿ ಸೇರಿಸಿಕೊಂಡಿತು. ಮೊದಲು 5,500 ಕೋಟಿ ರೂಪಾಯಿ, 2021ರಿಂದ 6,400 ಕೋಟಿ ರೂಪಾಯಿಗಿಂತ ಹೆಚ್ಚು ವಹಿವಾಟಿರುವ ಗುಂಪುಗಳಿಗೆ ಅದು ಅನ್ವಯಿಸುತ್ತದೆ. ಆ ನಮೂನೆಯನ್ನು ಮೊದಲ ಬಾರಿ ತುಂಬಲು ಕುಳಿತ ದಿನ ನನಗೆ ಚೆನ್ನಾಗಿ ನೆನಪಿದೆ. ಒಂದು ಸಾಲಿನಲ್ಲಿ ಸಾವಿರಾರು ಉದ್ಯೋಗಿಗಳು ಮತ್ತು ತೆಳುವಾದ ಲಾಭ, ಇನ್ನೊಂದು ಸಾಲಿನಲ್ಲಿ ಬೆರಳೆಣಿಕೆಯ ಉದ್ಯೋಗಿಗಳು ಮತ್ತು ಭಾರೀ ಲಾಭ ಅಕ್ಕಪಕ್ಕದಲ್ಲಿ ನಿಂತಾಗ, ವಿವರಣೆ ಬರೆಯಬೇಕಾದವನ ಕೈ ತಾನಾಗಿಯೇ ನಿಧಾನವಾಗುತ್ತದೆ. ಕಂಪನಿಗಳ ಸಭೆಗಳಲ್ಲಿ "ಈ ಸಾಲನ್ನು ಅಧಿಕಾರಿಗಳು ಹೇಗೆ ಓದುತ್ತಾರೆ" ಎಂಬ ಪ್ರಶ್ನೆ ಏಳತೊಡಗಿದ್ದು ಅದರ ನಂತರವೇ.

ಆದರೆ ಗೆಲುವು ಅರ್ಧ ಮಾತ್ರ. ಸಂಘಟನೆಗಳು ಕೇಳಿದ್ದು ಎಲ್ಲರೂ ಓದಬಹುದಾದ ವರದಿ. ಸಿಕ್ಕಿದ್ದು ತೆರಿಗೆ ಇಲಾಖೆಯ ಬೀರುವಿನೊಳಗಿನ ವರದಿ. ಬಹಿರಂಗ ವರದಿಗೆ ಐರೋಪ್ಯ ಒಕ್ಕೂಟ 2021ರಲ್ಲಿ, ಆಸ್ಟ್ರೇಲಿಯಾ 2024ರಲ್ಲಿ ಕಾನೂನು ಮಾಡಿದವು ನಿಜ. ಆದರೆ ಐರೋಪ್ಯ ನಿಯಮದಲ್ಲಿ ಸದಸ್ಯ ದೇಶಗಳಿಗೂ ತೆರಿಗೆ ವಿಷಯದಲ್ಲಿ ಸಹಕರಿಸದವೆಂದು ಒಕ್ಕೂಟ ಮಾಡಿರುವ ಕಪ್ಪುಪಟ್ಟಿಯಂಥ ಪಟ್ಟಿಗಳಲ್ಲಿರುವ ದೇಶಗಳಿಗೂ ಮಾತ್ರ ಪ್ರತ್ಯೇಕ ಸಾಲು. ಭಾರತದ ಅಂಕಿಗಳು "ಉಳಿದ ದೇಶಗಳು" ಎಂಬ ಒಂದೇ ಮೊತ್ತದಲ್ಲಿ ಕರಗಿಹೋಗುತ್ತವೆ. ಬೆಂಗಳೂರಿನ ಓದುಗನಿಗೆ ಬೇಕಾದ ಸಾಲೇ ಅದರಲ್ಲಿ ಇರುವುದಿಲ್ಲ. ನನ್ನ ದೃಷ್ಟಿಯಲ್ಲಿ ಇದು ಸಣ್ಣ ಕೊರತೆಯಲ್ಲ.

ಇದರಿಂದಲೇ ಹೋರಾಟ ಎರಡನೆಯ ಪ್ರಶ್ನೆಗೆ ಬಂದು ನಿಂತಿತು: ನಿಯಮ ಬರೆಯುವವರು ಯಾರು? 38 ಸದಸ್ಯರಿರುವ, ಬಹುಪಾಲು ಶ್ರೀಮಂತ ದೇಶಗಳ ಒಇಸಿಡಿಯೇ, ಅಥವಾ ಎಲ್ಲ ದೇಶಗಳಿಗೂ ಒಂದೊಂದು ಮತವಿರುವ ವಿಶ್ವಸಂಸ್ಥೆಯೇ? 2015ರ ಜುಲೈನಲ್ಲಿ ಅಡಿಸ್ ಅಬಾಬಾ ಸಮ್ಮೇಳನದಲ್ಲಿ, ಭಾರತವೂ ಸೇರಿರುವ ಅಭಿವೃದ್ಧಿಶೀಲ ದೇಶಗಳ ಗುಂಪಾದ ಜಿ-77 ವಿಶ್ವಸಂಸ್ಥೆಯಡಿ ಸರ್ಕಾರಗಳದ್ದೇ ಒಂದು ತೆರಿಗೆ ಮಂಡಳಿ ಬೇಕೆಂದು ಕೇಳಿ ಸೋತಿತು. 2021ರಲ್ಲಿ ಒಇಸಿಡಿಯ ವೇದಿಕೆ ದೊಡ್ಡ ಬಹುರಾಷ್ಟ್ರೀಯ ಕಂಪನಿಗಳ ಲಾಭಕ್ಕೆ ಶೇಕಡಾ 15ರ ಜಾಗತಿಕ ಕನಿಷ್ಠ ತೆರಿಗೆಯನ್ನು ಮುಂದಿಟ್ಟಾಗ, ಆ ದರ ತೀರಾ ಕಡಿಮೆ, ಅದರಿಂದ ಬರುವ ಹಣದ ಹೆಚ್ಚಿನ ಪಾಲು ಕಂಪನಿಗಳ ತವರು ದೇಶಗಳಿಗೇ ಹೋಗುತ್ತದೆ ಎಂದು ಸಂಘಟನೆಗಳು ಎಚ್ಚರಿಸಿದವು. ಕೀನ್ಯಾ, ನೈಜೀರಿಯಾ, ಪಾಕಿಸ್ತಾನ, ಶ್ರೀಲಂಕಾ ಆಗ ಆ ಒಪ್ಪಂದದಿಂದ ಹೊರಗುಳಿದವು. ಆಫ್ರಿಕಾದ ತೆರಿಗೆ ನ್ಯಾಯ ಜಾಲ, ಯುರೋಡ್ಯಾಡ್, ಗ್ಲೋಬಲ್ ಅಲಯನ್ಸ್ ಫಾರ್ ಟ್ಯಾಕ್ಸ್ ಜಸ್ಟಿಸ್ ಮುಂತಾದ ಸಂಘಟನೆಗಳು ಹತ್ತಾರು ದೇಶಗಳ ರಾಜತಾಂತ್ರಿಕರ ಬೆನ್ನಿಗೆ ನಿಂತವು. ವಿಶ್ವಸಂಸ್ಥೆಯಡಿ ತೆರಿಗೆ ಸಹಕಾರಕ್ಕೆ ಒಂದು ಚೌಕಟ್ಟು ಒಪ್ಪಂದ ಬೇಕೆಂದು 2023ರ ನವೆಂಬರ್ 22ರಂದು ಆಫ್ರಿಕಾ ದೇಶಗಳ ಗುಂಪಿನ ಪರವಾಗಿ ನೈಜೀರಿಯಾ ಮಂಡಿಸಿದ ನಿರ್ಣಯ ವಿಶ್ವಸಂಸ್ಥೆಯಲ್ಲಿ 48ರ ವಿರುದ್ಧ 125 ಮತಗಳಿಂದ ಗೆದ್ದಿತು. ಭಾರತ ಪರವಾಗಿ ಮತ ಹಾಕಿತು; ಅಮೆರಿಕ, ಬ್ರಿಟನ್, ಐರೋಪ್ಯ ಒಕ್ಕೂಟದ ದೇಶಗಳು ವಿರೋಧಿಸಿದವು. 2025ರ ಫೆಬ್ರುವರಿಯಲ್ಲಿ ಅಮೆರಿಕ ಆ ಒಪ್ಪಂದದ ಮಾತುಕತೆಯಿಂದಲೇ ಎದ್ದುಹೋಯಿತು, ಉಳಿದವರು ಮುಂದುವರಿಸಿದರು.

ಪ್ರತಿ ಸೋಲೂ ಕೊನೆಯಲ್ಲ ಎನ್ನುವುದಕ್ಕೆ ನಮ್ಮಲ್ಲೇ ಒಂದು ನಿದರ್ಶನವಿದೆ. ಮಾರಿಷಸ್‌ನಲ್ಲಿ ಹೆಸರಿಗಷ್ಟೇ ಕಂಪನಿ ತೆರೆದು ಇಲ್ಲಿನ ಷೇರುಗಳ ಬಂಡವಾಳ ಲಾಭಕ್ಕೆ ತೆರಿಗೆ ತಪ್ಪಿಸುವುದಕ್ಕೆ ದಾರಿ ಮಾಡಿಕೊಟ್ಟಿದ್ದ 2000ದ ಸರ್ಕಾರಿ ಸುತ್ತೋಲೆಯನ್ನು ಪ್ರಶ್ನಿಸಿ ಆಜಾದಿ ಬಚಾವೋ ಆಂದೋಲನ ಎಂಬ ಸಂಘಟನೆ ನ್ಯಾಯಾಲಯಕ್ಕೆ ಹೋಯಿತು. ದೆಹಲಿ ಹೈಕೋರ್ಟಿನಲ್ಲಿ ಗೆದ್ದರೂ 2003ರಲ್ಲಿ ಸುಪ್ರೀಂ ಕೋರ್ಟಿನಲ್ಲಿ ಸೋತಿತು. ಆದರೆ ಅದು ಎತ್ತಿದ ಪ್ರಶ್ನೆ ಸಾಯಲಿಲ್ಲ. 2016ರಲ್ಲಿ ಸರ್ಕಾರವೇ ಮಾರಿಷಸ್ ಜೊತೆಗಿನ ತೆರಿಗೆ ಒಪ್ಪಂದವನ್ನು ತಿದ್ದಿ ಆ ಲಾಭಕ್ಕೆ ತೆರಿಗೆ ಹಾಕುವ ಹಕ್ಕನ್ನು ಪಡೆಯಿತು.

ನಮಗೇನು ಲಾಭ ಎಂಬ ನಿಮ್ಮ ಪ್ರಶ್ನೆಯ ಕಠಿಣ ಭಾಗ ಈಗ ನಡೆಯುತ್ತಿರುವ ಮಾತುಕತೆಯಲ್ಲಿದೆ. ವಿಶ್ವಸಂಸ್ಥೆಯಡಿಯ ಆ ಚೌಕಟ್ಟು ಒಪ್ಪಂದದ ಕರಡು 2027ರಲ್ಲಿ ವಿಶ್ವಸಂಸ್ಥೆಯ ಸಾಮಾನ್ಯ ಸಭೆಯ ಮುಂದೆ ಬರಬೇಕು. ಅದರ ಜೊತೆಗೇ ಗಡಿಯಾಚೆಗೆ ಒದಗಿಸುವ ಸೇವೆಗಳ ಆದಾಯಕ್ಕೆ ಎಲ್ಲಿ ತೆರಿಗೆ ಬೀಳಬೇಕೆಂಬ ಪ್ರತ್ಯೇಕ ಪೂರಕ ಒಪ್ಪಂದವೂ (ಪ್ರೋಟೊಕಾಲ್) ಸಿದ್ಧವಾಗುತ್ತಿದೆ. ಸೇವೆ ಕೊಳ್ಳುವ ದೇಶಕ್ಕೆ ಹೆಚ್ಚಿನ ಹಕ್ಕು ಸಿಕ್ಕರೆ, ಇಲ್ಲಿ ಕಚೇರಿಯೇ ಇಲ್ಲದೆ ಭಾರತೀಯರಿಂದ ಗಳಿಸುವ ವಿದೇಶಿ ಡಿಜಿಟಲ್ ಕಂಪನಿಗಳ ಮೇಲೆ ನಾವು ತೆರಿಗೆ ಹಾಕಬಹುದು. ಅದೇ ನಿಯಮದಡಿ ಬೆಂಗಳೂರಿನ ಐಟಿ ಕಂಪನಿಗಳಿಗೆ ಹಣ ಕೊಡುವ ದೇಶಗಳೂ ತಮ್ಮ ಪಾಲನ್ನು ಕಡಿದುಕೊಳ್ಳಬಹುದು. ನಮ್ಮ ಐಟಿ ವಲಯ ಇದನ್ನು ಇಷ್ಟಪಡಲಾರದು. ಆದರೂ ಅಕ್ರಾದ ಅಂಗಡಿಯವಳ ಪರವಾಗಿ ನ್ಯಾಯ ಎನಿಸಿದ್ದು ನಮ್ಮ ಕಂಪನಿಗಳ ವಿಷಯ ಬಂದಾಗ ಅನ್ಯಾಯವಾಗಲಾರದು. ನಮ್ಮ ಕಂಪನಿಗಳು ಹೊರಗೆ ಕಟ್ಟಿದ ಆ ತೆರಿಗೆಯನ್ನು ಇಲ್ಲಿನ ತೆರಿಗೆಯಲ್ಲಿ ಕಳೆದುಕೊಡುವ ಸ್ಪಷ್ಟ ವ್ಯವಸ್ಥೆಯೊಂದಿಗೆ ಭಾರತ ಆ ಹಕ್ಕನ್ನು ಬೆಂಬಲಿಸಬೇಕೆಂಬುದು ನನ್ನ ಅಭಿಪ್ರಾಯ.