ಇಲ್ಲದ ಚಂದ್ರನನ್ನು ಕಂಡವರ ಬಗ್ಗೆ ಬರೆಯುವಾಗ

ಪ್ರಿಯರೆ,

ನೀವು ಕಳಿಸಿದ ‘ಶುಕ್ರನ ಸುಳ್ಳು ಚಂದ್ರ’ ಲೇಖನವನ್ನು ಎರಡು ಸಲ ಓದಿದೆ. ಶುಕ್ರ ಗ್ರಹಕ್ಕೆ ಒಬ್ಬ ಚಂದ್ರನಿದ್ದಾನೆ ಅಂತ ಯೂರೋಪಿನ ಖಗೋಳಜ್ಞರು ಇನ್ನೂರು ವರ್ಷ ತಲೆ ಕೆಡಿಸಿಕೊಂಡ ಕಥೆ ಅದು. ವಿಷಯ ಒಳ್ಳೆಯದು, ಭಾಷೆ ಸಲೀಸಾಗಿದೆ, ಇಸವಿಗಳು ಸರಿ ಇವೆ. ಆದರೆ ಈಗಿರುವ ಹಾಗೆ ಹಾಕಲು ಆಗುವುದಿಲ್ಲ. ನಿಮ್ಮ ಎರಡನೇ ಪುಟ ಓದಿ ನನಗೆ ನಿಜಕ್ಕೂ ಸಿಟ್ಟು ಬಂತು. ಹಾಗಾಗಿ ಎರಡು ಸಾಲಿನ ಪತ್ರ ಬರೆದು ಸುಮ್ಮನಾಗುವ ಬದಲು ಬಿಡಿಸಿ ಹೇಳುತ್ತಿದ್ದೇನೆ.

ಆ ಪುಟದ ಮೊದಲ ಸಾಲು ಹೀಗಿದೆ: “ಅಂದಿನ ಮೂಢ ವಿಜ್ಞಾನಿಗಳು ಇಲ್ಲದ ಚಂದ್ರನನ್ನು ಕಣ್ಣು ಮುಚ್ಚಿ ನಂಬಿದರು.”

ಕಣ್ಣು ಮುಚ್ಚಿ ನಂಬಿದವರು ಯಾರು? ಖಗೋಳಜ್ಞ ಕ್ಯಾಸಿನಿಯನ್ನೇ ನೋಡಿ. 1672ರ ಜನವರಿಯಲ್ಲಿ ಅವನಿಗೆ ಶುಕ್ರನ ಪಕ್ಕದಲ್ಲಿ ಏನೋ ಒಂದು ಸಣ್ಣದು ಕಂಡಿತು. ಊರಿಗೆಲ್ಲ ಸಾರಲಿಲ್ಲ, ಬರೆದಿಟ್ಟುಕೊಂಡು ಸುಮ್ಮನಿದ್ದ. 1686ರಲ್ಲಿ ಮತ್ತೆ ಕಂಡಿತು. ಶುಕ್ರನ ಕಾಲು ಭಾಗದಷ್ಟು ಅಗಲ, ಶುಕ್ರ ಯಾವ ಕಲೆಯಲ್ಲಿತ್ತೋ, ಅಂದರೆ ಅದರ ಬೆಳಗಿದ ಭಾಗದ ಆಕಾರ ಹೇಗಿತ್ತೋ, ಅದೇ ಕಲೆ. ಆಮೇಲೆ ಬಾಯಿ ಬಿಟ್ಟ. ಅಷ್ಟರಲ್ಲಿ ಶನಿಯ ನಾಲ್ಕು ಚಂದ್ರರನ್ನು ಕಂಡುಹಿಡಿದಿದ್ದವನು ಅವನು. ಆ ನಾಲ್ಕೂ ನಿಜವಾದ ಚಂದ್ರರು. ಇಂಥವನು ಹದಿನಾಲ್ಕು ವರ್ಷ ಕಾದದ್ದನ್ನು ನೀವು ಬರೆದೇ ಇಲ್ಲ. ಮೂಢ ಅಂದುಬಿಟ್ಟಿದ್ದೀರಿ.

ಎರಡನೇ ಸಾಲು: “ಆಗಿನ ದೂರದರ್ಶಕಗಳು ಕಳಪೆಯಾಗಿದ್ದರಿಂದ ಕಂಡದ್ದೆಲ್ಲ ಭ್ರಮೆ.”

ಜೇಮ್ಸ್ ಶಾರ್ಟ್ ಹೆಸರನ್ನು ನೀವೇ ಹೇಳಿದ್ದೀರಿ. ಅವನು ದೂರದರ್ಶಕಗಳನ್ನು ತಯಾರಿಸುತ್ತಿದ್ದ, ಆ ಕಾಲದ ಅತ್ಯುತ್ತಮ ಕುಶಲಕರ್ಮಿಗಳಲ್ಲಿ ಒಬ್ಬ. 1740ರ ಒಂದು ಬೆಳಗಿನ ಜಾವ ಶುಕ್ರನ ಹತ್ತಿರ ಒಂದು ಚುಕ್ಕೆ ಕಂಡಾಗ ಅವನೇನು ಮಾಡಿದ? ಇನ್ನೊಂದು ದೂರದರ್ಶಕ ತಂದು ನೋಡಿದ, ಅದರಲ್ಲೂ ಕಂಡಿತು. ಮೈಕ್ರೋಮೀಟರ್ ಇಟ್ಟು ಶುಕ್ರನಿಂದ ಎಷ್ಟು ದೂರ ಅಂತ ಅಳೆದ. ಆಮೇಲೆ 240 ಪಟ್ಟು ಹಿಗ್ಗಿಸುವ ಮಸೂರ ಹಾಕಿ ನೋಡಿದ. ಚುಕ್ಕೆಗೆ ಶುಕ್ರನದ್ದೇ ಕಲೆ ಇತ್ತು. ಮುಂದಿನ ಬೆಳಗುಗಳಲ್ಲಿ ಮತ್ತೆ ಹುಡುಕಿದ, ಸಿಗಲಿಲ್ಲ. ಭ್ರಮೆ ಹಿಡಿದವನು ಮಾಡುವ ಕೆಲಸ ಇದಲ್ಲ ಅಲ್ವಾ? ಕಣ್ಣಿಗೆ ಬಿದ್ದದ್ದನ್ನು ನಂಬಲು ಸುಲಭಕ್ಕೆ ಒಪ್ಪದವನ ಕೆಲಸ. ಅಷ್ಟೆಲ್ಲ ಪರೀಕ್ಷೆ ಮಾಡಿದ ಮೇಲೂ ಇಲ್ಲದ್ದು ಕಂಡಿತಲ್ಲ, ನಿಮ್ಮ ಲೇಖನದ ಜೀವ ಇರುವುದು ಅಲ್ಲಿ. ಅದನ್ನು ಬಿಟ್ಟು ಗೇಲಿಗೆ ಇಳಿದಿದ್ದೀರಿ.

ನಾನು ಪತ್ರಿಕೆಗೆ ಸೇರಿದ ಹೊಸತು. 2004ರ ಜೂನ್ 8ರಂದು ಶುಕ್ರ ಸಂಕ್ರಮ ಇತ್ತು, ಅಂದರೆ ಶುಕ್ರ ಸೂರ್ಯನ ಬಿಂಬವನ್ನು ಅಡ್ಡ ಹಾಯುವ ದಿನ. ನಮ್ಮ ಹಿರಿಯ ಸಂಪಾದಕರು, “ಓದಿದ್ದನ್ನ ಬರೀಬೇಡ, ಕಂಡಿದ್ದನ್ನ ಬರಿ” ಅಂತ ಹೇಳಿ ನನ್ನನ್ನು ಮೈಸೂರಿನ ಒಂದು ಶಾಲೆಯ ಮೈದಾನಕ್ಕೆ ಕಳಿಸಿದರು. ಅಲ್ಲಿನ ವಿಜ್ಞಾನದ ಮೇಷ್ಟ್ರು ಚಿಕ್ಕ ದೂರದರ್ಶಕದಿಂದ ಸೂರ್ಯನ ಬಿಂಬವನ್ನು ಬಿಳಿ ಹಾಳೆಯ ಮೇಲೆ ಬೀಳಿಸಿದ್ದರು. ಶುಕ್ರ ಕಾಳುಮೆಣಸಿನ ಹಾಗೆ ಕಪ್ಪಗೆ, ದುಂಡಗೆ ಕಾಣುತ್ತಿತ್ತು. ಅದರ ಹಿಂದೆಯೇ ಇನ್ನೂ ಒಂದು ಚಿಕ್ಕ ಚುಕ್ಕೆ. ಒಬ್ಬ ಹುಡುಗ, “ಸಾರ್, ಅದು ಅದರ ಮರೀನಾ?” ಅಂದ. ಯಾರೂ ನಗಲಿಲ್ಲ. ಮೇಷ್ಟ್ರು ಮಾತಾಡದೆ ಐಪೀಸನ್ನು (ದೂರದರ್ಶಕದ ಕಣ್ಣಿನ ಕಡೆಯ ಮಸೂರ) ಬೆರಳಲ್ಲಿ ಹಿಡಿದು ನಿಧಾನವಾಗಿ ತಿರುಗಿಸಿದರು. ಶುಕ್ರ ಇದ್ದಲ್ಲೇ ಇತ್ತು. ಚಿಕ್ಕ ಚುಕ್ಕೆ ಹಾಳೆಯ ಮೇಲೆ ಸುತ್ತು ಹೊಡೆಯಿತು. ಗಾಜಿನ ಮೇಲಿನ ಧೂಳು ಅದು. ನಾನು ಬರೆದ ವರದಿಯಲ್ಲಿ ಸಂಪಾದಕರು ಪೂರ್ತಿ ಉಳಿಸಿದ್ದು ಆ ಭಾಗ ಒಂದನ್ನೇ. ಪ್ರತಿ ಸಾಲಿನ ಪಕ್ಕ ಕೆಂಪು ಶಾಯಿಯಲ್ಲಿ “ಯಾರು ನೋಡಿದ್ರು? ಯಾವುದ್ರಲ್ಲಿ?” ಅಂತ ಬರೆಯುವ ಅಭ್ಯಾಸ ಅವರಿಗೆ. ನಿಮ್ಮ ಹಸ್ತಪ್ರತಿಯ ಅಂಚಿನಲ್ಲಿ ನಾನೂ ಅದನ್ನೇ ಬರೆದಿದ್ದೇನೆ.

1761ರ ಸಂಕ್ರಮದಲ್ಲೂ ಹೀಗೇ ಆಯಿತು. ಜರ್ಮನಿಯ ಕ್ರೆಫೆಲ್ಡ್‌ನಲ್ಲಿ ಷಾಯ್ಟನ್ ಎಂಬಾತನಿಗೆ ಸೂರ್ಯನ ಮೇಲೆ ಶುಕ್ರನ ಜತೆ ಇನ್ನೊಂದು ಕಪ್ಪು ಚುಕ್ಕೆ ಕಂಡಿತು. ಅದೇ ದಿನ ಲಂಡನ್ನಿನ ಚೆಲ್ಸಿಯಲ್ಲಿ ಸ್ಯಾಮ್ಯುಯೆಲ್ ಡನ್ ನೋಡಿದ, ಅವನಿಗೆ ಕಾಣಲಿಲ್ಲ. ಇದು ನಿಮ್ಮಲ್ಲಿ ಒಂದೇ ವಾಕ್ಯದಲ್ಲಿ ಮುಗಿದುಹೋಗಿದೆ.

ಮೂರನೇ ಸಾಲು ಇನ್ನೂ ಕೆಟ್ಟದು: “ಕೊನೆಗೆ ವಿಜ್ಞಾನ ಸತ್ಯವನ್ನು ಕಂಡುಕೊಂಡಿತು.”

ವಿಜ್ಞಾನಕ್ಕೆ ಕೈಕಾಲು ಇಲ್ಲ. ಕಂಡುಕೊಂಡವರು ಮನುಷ್ಯರು. ವಿಯೆನ್ನಾ ವೀಕ್ಷಣಾಲಯದ ಮ್ಯಾಕ್ಸಿಮಿಲಿಯನ್ ಹೆಲ್ 1766ರಲ್ಲಿ ವಿವರಿಸಿದ: ಶುಕ್ರನ ಬೆಳಕು ತುಂಬಾ ಜಾಸ್ತಿ, ಅದು ನೋಡುವವನ ಕಣ್ಣಿಗೆ ಬಡಿದು ತಿರುಗಿ ಮಸೂರಕ್ಕೆ ಹೋಗುತ್ತದೆ, ಅಲ್ಲಿಂದ ಮತ್ತೆ ಕಣ್ಣಿಗೆ ಬಂದು ಸಣ್ಣ ಇನ್ನೊಂದು ಬಿಂಬ ಆಗುತ್ತದೆ. ಅದು ಶುಕ್ರನದ್ದೇ ಬಿಂಬವಾದರೆ ಕಲೆಯೂ ಶುಕ್ರನದ್ದೇ ಇರುತ್ತದೆ. ಕ್ಯಾಸಿನಿ, ಶಾರ್ಟ್ ಇಬ್ಬರೂ ಅದೇ ಕಲೆ ಕಂಡೆವು ಅಂದದ್ದನ್ನು ಇದರ ಪಕ್ಕ ಇಟ್ಟು ನೋಡಿ. ಮೈ ಜುಂ ಅನ್ನುವುದಿಲ್ಲವೇ? ಉಳಿದವರಲ್ಲಿ ಹಲವರು ಕಂಡದ್ದು ನಕ್ಷತ್ರಗಳನ್ನು. 1887ರಲ್ಲಿ ಬೆಲ್ಜಿಯಂನ ಪಾಲ್ ಸ್ಟ್ರೂಬಾಂಟ್ ಹಳೆಯ ದಾಖಲೆಗಳನ್ನೆಲ್ಲ ತೆಗೆದು, ಆಯಾ ದಿನ ಶುಕ್ರನ ಹತ್ತಿರ ಯಾವ ನಕ್ಷತ್ರ ಇತ್ತು ಅಂತ ಒಂದೊಂದಾಗಿ ತಾಳೆ ನೋಡಿದ. ಕೋಪನ್‌ಹೇಗನ್‌ನಲ್ಲಿ ಕಂಡ ಒಂದು ‘ಚಂದ್ರ’ ಮಿಥುನ ರಾಶಿಯ ನಕ್ಷತ್ರವಾಗಿತ್ತು.

ಇನ್ನು ಪುರಾಣದ ಭಾಗ. ಬಲಿ ದಾನ ಕೊಡುವಾಗ ಕಮಂಡಲದ ಬಾಯಿಗೆ ಅಡ್ಡ ಕೂತ ಶುಕ್ರಾಚಾರ್ಯರ ಕಣ್ಣಿಗೆ ವಾಮನ ದರ್ಭೆ ಚುಚ್ಚಿದನಲ್ಲ, ಹೋದ ಆ ಕಣ್ಣೇ ಈ ಚಂದ್ರ ಇರಬಹುದು ಅಂದಿದ್ದೀರಿ. ಹಾಗೆ ಯಾರೂ ಹೇಳಿಲ್ಲ, ಸುಮ್ನೆ ನೀವು ಅಂಟಿಸಿದ್ದು. ನನಗೆ ಆ ಕಥೆ ಬಹಳ ಇಷ್ಟ, ಅದಕ್ಕೇ ಈ ಅಂಟು ಕೆಲಸ ನೋಡಿ ಬೇಸರವಾಯಿತು.

ಈ ಚಂದ್ರನಿಗೆ ಅದರದ್ದೇ ಪುರಾಣ ಇದೆ. ಪ್ರಷ್ಯದ ದೊರೆ ಫ್ರೆಡರಿಕ್ ಇದಕ್ಕೆ ತನ್ನ ಗೆಳೆಯ, ಗಣಿತಜ್ಞ ಡಾಲಂಬರ್‌ನ ಹೆಸರಿಡೋಣ ಅಂದ, ಡಾಲಂಬರ್ ಬೇಡ ಅಂದ. 1884ರಲ್ಲಿ ಬ್ರಸೆಲ್ಸ್‌ನ ಖಗೋಳಜ್ಞ ಹೂಜೋ, ಇದು ಚಂದ್ರ ಅಲ್ಲ, 283 ದಿನಕ್ಕೆ ಸೂರ್ಯನನ್ನು ಸುತ್ತುವ ಬೇರೆ ಗ್ರಹ ಅಂತ ಊಹಿಸಿ ನೀತ್ ಅಂತ ಹೆಸರಿಟ್ಟ. ನೀತ್ ಈಜಿಪ್ಟಿನ ಸಾಯಿಸ್ ಊರಿನ ದೇವಿ. ಅವಳ ಮುಸುಕನ್ನು ಯಾವ ಮನುಷ್ಯನೂ ಎತ್ತಿ ನೋಡಿಲ್ಲ ಅಂತ ಪ್ರತೀತಿ. ಮೂರೇ ವರ್ಷಕ್ಕೆ ಸ್ಟ್ರೂಬಾಂಟ್‌ನ ಲೆಕ್ಕ ಬಂತು. ನಿಮ್ಮ ಪುರಾಣದ ಪುಟಕ್ಕೆ ಇಷ್ಟು ಸಾಕಿತ್ತು.

ಲೇಖನವನ್ನು ಶಾರ್ಟ್‌ನ ಆ ಬೆಳಗಿನಿಂದ ಶುರು ಮಾಡಿ. ಹೆಲ್‌ನ ವಿವರಣೆ ಬರುವವರೆಗೆ ಓದುಗರಿಗೂ ಆ ಚಂದ್ರ ಇದೆ ಅಂತಲೇ ಅನಿಸಬೇಕು. ಶುಕ್ರಾಚಾರ್ಯರ ಭಾಗ ತೆಗೆಯಿರಿ. ಈ ಚಂದ್ರ ಹನ್ನೊಂದು ದಿನಕ್ಕೆ ಶುಕ್ರನನ್ನು ಒಂದು ಸುತ್ತು ಬರುತ್ತದೆ ಅಂತ ಗಣಿತಜ್ಞ ಲ್ಯಾಂಬರ್ಟ್ ಹಾಕಿದ ಲೆಕ್ಕ ಇರಲಿ. ದೀಪಾವಳಿ ಸಂಚಿಕೆಯ ಕೆಲಸ ಮುಗಿದ ಮೇಲೆ ಕಳಿಸಿ, ನಾನೇ ಓದುತ್ತೇನೆ.

ಇಂತಿ,
ಸಂಪಾದಕ