ಫ್ರಾನ್ಸಿನ ನಟ ಪಿಯೆರ್ ಬ್ರೀಸ್ ತಮ್ಮ ದೇಶಕ್ಕಿಂತ ಜರ್ಮನಿಯಲ್ಲಿ ಹೆಚ್ಚು ಹೆಸರಾದದ್ದು ಹೇಗೆ?

ವಿನೆಟೂ ಎಂಬ ಒಂದೇ ಪಾತ್ರದಿಂದ. ಜರ್ಮನ್ ಲೇಖಕ ಕಾರ್ಲ್ ಮೇ ಸೃಷ್ಟಿಸಿದ, ಅಮೆರಿಕದ ಮೂಲನಿವಾಸಿಗಳಾದ ಅಪಾಚಿ ಜನರ ನಾಯಕ ಈ ವಿನೆಟೂ. ಅವನ ಬಹುತೇಕ ಕಥೆಗಳನ್ನು ಬರೆಯುವಾಗ ಮೇ ಅಮೆರಿಕವನ್ನು ಕಂಡೇ ಇರಲಿಲ್ಲ. ಅಲ್ಲಿಗೆ ಹೋದದ್ದು 1908ರಲ್ಲಿ. ಆದರೂ ಜರ್ಮನಿಯಲ್ಲಿ ತಲೆಮಾರುಗಳು ಆ ಪುಸ್ತಕಗಳನ್ನು ಓದಿಯೇ ಬೆಳೆದವು. ಹಾಗಾಗಿ ವಿನೆಟೂ ತೆರೆಗೆ ಬರುವ ಮೊದಲೇ ಮನೆಮನೆಗೂ ಗೊತ್ತಿದ್ದ. ಅವನಿಗೆ ಒಂದು ಮುಖ ಬೇಕಿತ್ತು, ಅಷ್ಟೇ.

ಬ್ರೀಸ್ ಹುಟ್ಟಿದ್ದು 1929ರಲ್ಲಿ, ಬ್ರೆಸ್ಟ್ ಊರಿನಲ್ಲಿ. ಹರೆಯದಲ್ಲೇ ಸೈನ್ಯ ಸೇರಿ ಇಂಡೋಚೀನಾ ಯುದ್ಧ ಕಂಡವರು. ಆಮೇಲೆ ಸಿನಿಮಾಕ್ಕೆ ಬಂದರೂ ಫ್ರಾನ್ಸಿನಲ್ಲಿ ದೊಡ್ಡ ಅವಕಾಶ ಕೂಡಿಬರಲಿಲ್ಲ. ಇಟಲಿಯ ಚಿತ್ರಗಳಲ್ಲಿ ದುಡಿಯುತ್ತಿದ್ದರು. 1962ರಲ್ಲಿ ನಿರ್ಮಾಪಕ ಹೋರ್ಸ್ಟ್ ವೆಂಡ್‌ಲಾಂಟ್ ಅವರನ್ನು ಆರಿಸಿಕೊಂಡರು. ಹರಾಲ್ಡ್ ರೈನ್ಲ್ ನಿರ್ದೇಶನದ 'ಬೆಳ್ಳಿ ಸರೋವರದ ನಿಧಿ' ಅದೇ ವರ್ಷ ಬಂದು ಭರ್ಜರಿಯಾಗಿ ಓಡಿತು. ಇಟಲಿಯ ವೆಸ್ಟರ್ನ್‌ಗಳು, ಅಂದರೆ ಅಮೆರಿಕದ ಪಶ್ಚಿಮದ ಕುದುರೆ-ಬಂದೂಕಿನ ಕಥೆಗಳ ಚಿತ್ರಗಳು, ಜಗತ್ತನ್ನು ಆಳುವುದಕ್ಕೆ ಇನ್ನೂ ಎರಡು ವರ್ಷವಿತ್ತು. ಯುರೋಪಿನಲ್ಲೇ ವೆಸ್ಟರ್ನ್ ತೆಗೆದು ಗೆಲ್ಲಬಹುದು ಎಂದು ತೋರಿಸಿದ್ದರಲ್ಲಿ ಈ ಚಿತ್ರದ ಪಾಲು ದೊಡ್ಡದು.

ಚಿತ್ರೀಕರಣ ನಡೆದದ್ದು ಆಗಿನ ಯುಗೊಸ್ಲಾವಿಯಾದಲ್ಲಿ. ಪ್ಲಿಟ್ವಿಟ್ಸೆಯ ಸರೋವರಗಳು, ಪಾಕ್ಲೆನಿಟ್ಸಾದ ಬಂಡೆಗಳು ಅಮೆರಿಕದ ವೇಷ ಹಾಕಿದವು. ಜೊತೆಗೆ ಮಾರ್ಟಿನ್ ಬಾಟ್ಚರ್ ಅವರ ಸಂಗೀತ. ವಿನೆಟೂನ ಬಿಳಿಯ ಗೆಳೆಯ ಓಲ್ಡ್ ಶ್ಯಾಟರ್‌ಹ್ಯಾಂಡ್ ಆಗಿ ಅಮೆರಿಕದ ಲೆಕ್ಸ್ ಬಾರ್ಕರ್, ಮರುವರ್ಷದ 'ವಿನೆಟೂ' ಚಿತ್ರದಲ್ಲಿ ಅವನ ತಂಗಿಯಾಗಿ ಇನ್ನೊಬ್ಬ ಫ್ರೆಂಚ್ ಕಲಾವಿದೆ ಮರೀ ವೆರ್ಸಿನಿ.

ಇನ್ನು ನಟನೆಯ ಮಾತು. ನನಗೆ ಬ್ರೀಸ್ ಇಷ್ಟವಾಗುವುದೇ ಇಲ್ಲಿ. ಜರ್ಮನ್ ಆವೃತ್ತಿಯಲ್ಲಿ ಅವರಿಗೆ ಬೇರೆಯವರು ಡಬ್ಬಿಂಗ್ ಮಾಡುತ್ತಿದ್ದರು, ಪಾತ್ರಕ್ಕೆ ಮಾತೂ ಕಡಿಮೆ. ಅಂದರೆ ನಟನ ಬಹುದೊಡ್ಡ ಆಯುಧವೇ ಕೈಯಲ್ಲಿಲ್ಲ. ಉಳಿದದ್ದು ನೋಟ, ನಿಲುವು, ಕುದುರೆಯ ಮೇಲೆ ಕೂರುವ ಗತ್ತು. ಸುತ್ತಲಿನವರು ಕೂಗಾಡುವಾಗ ಅವರು ಸುಮ್ಮನೆ ನಿಂತು ದೃಶ್ಯವನ್ನು ತಮ್ಮ ಕಡೆಗೆ ಎಳೆದುಕೊಳ್ಳುತ್ತಾರೆ. ಈ ಸಂಯಮವನ್ನು 'ಮರದ ಗೊಂಬೆ' ಎನ್ನುವವರಿದ್ದಾರೆ. ನಾನು ಖಂಡಿತ ಒಪ್ಪುವುದಿಲ್ಲ.

1968ರವರೆಗೆ ಹನ್ನೊಂದು ಚಿತ್ರಗಳು. ಬಾರ್ಕರ್ ಇಲ್ಲದಾಗ ಸ್ಟೀವರ್ಟ್ ಗ್ರೇಂಜರ್ ಅಥವಾ ರಾಡ್ ಕ್ಯಾಮರೂನ್ ಗೆಳೆಯನಾಗಿ ಬಂದರು, ವಿನೆಟೂ ಮಾತ್ರ ಬದಲಾಗಲಿಲ್ಲ. 1965ರ 'ವಿನೆಟೂ' ಮೂರನೇ ಭಾಗದಲ್ಲಿ ಶ್ಯಾಟರ್‌ಹ್ಯಾಂಡ್‌ಗೆ ಬೀಳಬೇಕಿದ್ದ ಗುಂಡಿಗೆ ಎದೆಯೊಡ್ಡಿ ವಿನೆಟೂ ಸಾಯುತ್ತಾನೆ. ಅಭಿಮಾನಿಗಳು ಸಿಟ್ಟಾದರು. ನಿರ್ಮಾಪಕರು ಮುಂದಿನ ಚಿತ್ರಗಳಲ್ಲಿ ಅವನನ್ನು ಮತ್ತೆ ಕರೆತಂದರು.

ಆ ಪಾತ್ರ ಬ್ರೀಸರನ್ನೂ ಬಿಡಲಿಲ್ಲ. ಜರ್ಮನಿಯ ಎಲ್ಸ್‌ಪೆ, ಬಾಡ್ ಸೇಗೆಬೆರ್ಗ್‌ಗಳ ಬಯಲು ರಂಗಮಂದಿರಗಳಲ್ಲಿ ಅರವತ್ತು ದಾಟಿದ ಮೇಲೂ ಕುದುರೆಯೇರಿ ವಿನೆಟೂ ಆದರು. 2015ರಲ್ಲಿ ತೀರಿಕೊಂಡಾಗ ಅವರಿಗೆ 86 ವರ್ಷ.

ಒಂದು ಕೊರತೆಯನ್ನು ಹೇಳಲೇಬೇಕು: ನಿಜವಾದ ಅಪಾಚಿ ಜನರ ಬದುಕು ಈ ಚಿತ್ರಗಳಲ್ಲಿ ಸಿಗುವುದಿಲ್ಲ. ಇಲ್ಲಿರುವುದು ಯುರೋಪಿನವರು ಕಟ್ಟಿಕೊಂಡ ಕನಸು. ಇವತ್ತು ಜರ್ಮನಿಯಲ್ಲೇ ಈ ಬಗ್ಗೆ ಬಿಸಿ ಚರ್ಚೆಯಿದೆ, ಆ ಚರ್ಚೆ ನ್ಯಾಯವಾದದ್ದೇ. ಅದನ್ನು ತಿಳಿದುಕೊಂಡೇ ನೋಡಿ. ನೋಡುವುದಾದರೆ 1963ರ 'ವಿನೆಟೂ' ಮೊದಲ ಭಾಗದಿಂದ ಶುರುಮಾಡಿ. ಇಬ್ಬರ ಗೆಳೆತನ ಬೆಳೆಯುವುದು ಅದರಲ್ಲೇ. ಅದನ್ನು ನೋಡದೆ ಮೂರನೇ ಭಾಗಕ್ಕೆ ಹೋದರೆ ಆ ಸಾವು ನಿಮ್ಮನ್ನು ತಟ್ಟುವುದಿಲ್ಲ.