ಪ್ರತಿಕ್ರಿಯೆ: ಹಸಿರು ಬಣ್ಣ ಬಂದರೂ ಅದು ಟ್ಯಾನಿನ್ನೇ?

ಫೆರಿಕ್ ಕ್ಲೋರೈಡ್ (ಕಬ್ಬಿಣದ ಒಂದು ಲವಣ) ಹಾಕಿದಾಗ ಒಂದು ಗಿಡದ ಸಾರ ಕಡುನೀಲಿಯಾಯಿತು, ಇನ್ನೊಂದರದ್ದು ಹಸಿರಾಯಿತು, ಎರಡರಲ್ಲೂ ಟ್ಯಾನಿನ್ (ಗಿಡಗಳಲ್ಲಿರುವ ಒಗರು ವಸ್ತು) ಇದೆ ಎಂದು ಬರೆಯಬಹುದೇ ಎಂದು ಕೇಳಿದ್ದೀರಿ. ಅಷ್ಟರಿಂದಲೇ ಬರೆಯಬೇಡಿ. ಆ ಬಣ್ಣ ಫೀನಾಲ್ ಗುಂಪು (ಬೆಂಜೀನ್ ಉಂಗುರಕ್ಕೆ ಅಂಟಿದ OH) ಇದೆ ಎಂದಷ್ಟೇ ಹೇಳುತ್ತದೆ. ಟ್ಯಾನಿನ್ ಅಲ್ಲದ ಗ್ಯಾಲಿಕ್ ಆಮ್ಲವೊಂದೇ ಇದ್ದರೂ ನೀಲಿಗಪ್ಪು ಬರುತ್ತದೆ.

ಟ್ಯಾನಿನ್ ಎನಿಸಿಕೊಳ್ಳಲು ಪ್ರೋಟೀನನ್ನು ಹಿಡಿದು ಗರಣೆಗಟ್ಟಿಸಬೇಕು. ಚರ್ಮ ಹದ ಮಾಡುವುದಕ್ಕೂ ನಾಲಿಗೆಗೆ ಒಗರಾಗುವುದಕ್ಕೂ ಇದೇ ಗುಣ ಕಾರಣ. ಹಾಗಾಗಿ ಗಿಡದ 1 ಗ್ರಾಂ ಪುಡಿಯನ್ನು 20 ಮಿ.ಲೀ. ಬಿಸಿ ಭಟ್ಟಿ ಇಳಿಸಿದ ನೀರಿನಲ್ಲಿ ನೆನೆಸಿ, ಸೋಸಿ, ತಣಿಸಿ. 10% ಉಪ್ಪು ಬೆರೆಸಿದ 1% ಜೆಲಟಿನ್ (ಒಂದು ಪ್ರೋಟೀನ್) ದ್ರಾವಣವನ್ನು ಹನಿಹನಿಯಾಗಿ ಬಿಡಿ. ಬಿಳಿ ಗರಣೆ ಕಂಡರೆ ಟ್ಯಾನಿನ್ ಇದೆ. ಜೆಲಟಿನ್ ಹೆಚ್ಚಾಗಿ ಸುರಿದುಬಿಟ್ಟರೆ ಗರಣೆ ಮತ್ತೆ ಕರಗಬಹುದು.

ಇನ್ನು ಬಣ್ಣದ ವಿಚಾರ. ಅಳಲೆಕಾಯಿಯಂಥ, ಆಮ್ಲದಲ್ಲಿ ಕುದಿಸಿದರೆ ಸಕ್ಕರೆ ಮತ್ತು ಗ್ಯಾಲಿಕ್ ಅಥವಾ ಎಲಾಜಿಕ್ ಆಮ್ಲವಾಗಿ ಒಡೆಯುವ ಟ್ಯಾನಿನ್‌ಗಳು ಸಾಮಾನ್ಯವಾಗಿ ನೀಲಿಗಪ್ಪು. ಕ್ಯಾಟೆಚಿನ್ (ಒಂದು ಬಗೆಯ ಫೀನಾಲ್ ವಸ್ತು) ಮಾದರಿಯ ಘಟಕಗಳು ಸರಪಳಿಯಾದ ಸಾಂದ್ರ ಟ್ಯಾನಿನ್‌ಗಳು ಹೆಚ್ಚಾಗಿ ಹಸಿರು. ಆದರೆ ಫೆರಿಕ್ ಕ್ಲೋರೈಡ್ ತಾನೇ ಹಳದಿ! ಹೆಚ್ಚು ಹಾಕಿದರೆ ನೀಲಿಯೂ ಹಸಿರಾಗಿ ಕಾಣುತ್ತದೆ. ನಿಮ್ಮ ಗೊಂದಲಕ್ಕೆ ಇದೇ ಕಾರಣವಿರಬಹುದು. ಸಾರವನ್ನು ತೆಳು ಮಾಡಿ, 1% ಫೆರಿಕ್ ಕ್ಲೋರೈಡ್ ದ್ರಾವಣದ ಎರಡು ಮೂರು ಹನಿ ಮಾತ್ರ ಹಾಕಿ ನೋಡಿ. ಕಬ್ಬಿಣದ ಪಾತ್ರೆ ಬೇಡ, ಸಾರ ಮೊದಲೇ ಕಪ್ಪಾಗುತ್ತದೆ.

ಸಾಂದ್ರ ಟ್ಯಾನಿನ್ ಎಂದು ಖಚಿತಪಡಿಸಲು ಸಾರವನ್ನು ಬ್ಯೂಟನಾಲ್ ಮತ್ತು ಹೈಡ್ರೋಕ್ಲೋರಿಕ್ ಆಮ್ಲದ (95:5) ಮಿಶ್ರಣದಲ್ಲಿ ಬಿಸಿ ಮಾಡಿ: ಕೆಂಪು ಬರಬೇಕು. ಬ್ಯೂಟನಾಲ್ ಹೊತ್ತಿಕೊಳ್ಳುತ್ತದೆ, ಬಿಸಿನೀರ ತೊಟ್ಟಿಯಲ್ಲೇ, ಹೊಗೆ ಎಳೆಯುವ ಕಪಾಟಿನೊಳಗೆ ಮಾಡಿ.